ಒಂದು ನಗರದ ಹಾಡು ಕೇಳಿಸುವ ಚಿತ್ರಗಳು: ಆರು ಸಂಜೆಗಳಿಗೆ ಸಲಹೆ ಬೇಕಾಗಿದೆ

ಪ್ರಶ್ನೆ

ನಮ್ಮ ಪುಟ್ಟ ಚಿತ್ರಬಳಗದಲ್ಲಿ ಇಪ್ಪತ್ತೈದು ಮೂವತ್ತು ಮಂದಿ ಸೇರುತ್ತೇವೆ. ಮುಂದಿನ ಆರು ತಿಂಗಳು, ತಿಂಗಳಿಗೊಂದರಂತೆ, ಬೇರೆ ಬೇರೆ ನಗರಗಳ ಜನಪ್ರಿಯ ಸಂಗೀತವನ್ನು ಕುರಿತ ಚಿತ್ರಗಳನ್ನು ನೋಡಿ ಚರ್ಚಿಸಬೇಕೆಂದು ನಿರ್ಧರಿಸಿದ್ದೇವೆ. ಈ ಹಿಂದೆ ಪ್ರಸಿದ್ಧ ಗಾಯಕರ ಜೀವನಚಿತ್ರಗಳನ್ನು ಒಂದರ ಹಿಂದೊಂದು ನೋಡಿದೆವು. ಬಡತನ, ಪ್ರತಿಭೆ, ಖ್ಯಾತಿ, ವ್ಯಸನ, ಮರಳಿ ವೇದಿಕೆಗೆ ಎಂಬ ಒಂದೇ ಜಾಡಿನಲ್ಲಿ ಅವೆಲ್ಲವೂ ಸಾಗಿದವು. ಗಾಯಕರು ಯಾವ ಊರಿನವರಾಗಿದ್ದರೂ ಕಥೆಯಲ್ಲಿ ವ್ಯತ್ಯಾಸವಾಗುತ್ತಿರಲಿಲ್ಲ. ಈ ಸಲ ನಮಗೆ ಬೇಕಾಗಿರುವುದು ಹಾಡು ಆ ಊರಿನಲ್ಲೇ ಏಕೆ ಹುಟ್ಟಿತು, ಯಾರು ನುಡಿಸಿದರು, ಯಾರು ಕುಣಿದರು, ಹಣ ಯಾರ ಕೈ ಸೇರಿತು ಎಂಬುದನ್ನು ತೋರಿಸುವ ಚಿತ್ರಗಳು. ಕಥಾಚಿತ್ರವೂ ಆಗಬಹುದು, ಸಾಕ್ಷ್ಯಚಿತ್ರವೂ ಆಗಬಹುದು. ಇಂಥ ಸರಣಿಯನ್ನು ನಡೆಸಿದ ಅನುಭವವಿರುವವರು ಯಾವ ಚಿತ್ರ ಕೂಡಿಬಂತು, ಯಾವುದು ಕೈಕೊಟ್ಟಿತು, ಮುನ್ನೆಚ್ಚರಿಕೆ ಏನಿರಬೇಕು ಎಂಬುದನ್ನು ದಯವಿಟ್ಟು ತಿಳಿಸಬೇಕು.

ಇಂಥದೇ ಸರಣಿಯನ್ನು ನಡೆಸಿದ್ದವರು

ಕೆಲವು ವರ್ಷಗಳ ಹಿಂದೆ ನಾನು ಎಂಟು ಸಂಜೆಗಳ ಇಂಥ ಸರಣಿಯೊಂದನ್ನು ನಡೆಸಿದ್ದೆ. ನನ್ನ ದೊಡ್ಡ ತಪ್ಪು ಮೊದಲ ಚಿತ್ರದ ಆಯ್ಕೆಯಲ್ಲೇ ಆಗಿತ್ತು, ಆದ್ದರಿಂದ ಅಲ್ಲಿಂದಲೇ ತೊಡಗುತ್ತೇನೆ. ವಿಮ್ ವೆಂಡರ್ಸ್ ಅವರ ‘ಬ್ವೆನಾ ವಿಸ್ತಾ ಸೋಶಿಯಲ್ ಕ್ಲಬ್’ (1999) ಸಾಕ್ಷ್ಯಚಿತ್ರದಿಂದ ಆರಂಭಿಸಿದೆ. ಹವಾನಾದ ವೃದ್ಧ ಸಂಗೀತಗಾರರು 1996ರಲ್ಲಿ ಅಮೆರಿಕದ ಗಿಟಾರ್ ವಾದಕ ರೈ ಕೂಡರ್ ಅವರೊಡನೆ ಒಂದು ಆಲ್ಬಂ ಧ್ವನಿಮುದ್ರಿಸಿ, ಎರಡು ವರ್ಷಗಳ ಬಳಿಕ ಆಮ್‌ಸ್ಟರ್‌ಡ್ಯಾಮ್‌ನಲ್ಲಿಯೂ ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿಯೂ ಹಾಡಿದ ಕಥೆ ಅದು. ಜೀವನೋಪಾಯಕ್ಕೆ ಬೂಟು ಪಾಲಿಷ್ ಮಾಡುತ್ತಿದ್ದ ಇಬ್ರಾಹಿಮ್ ಫೆರರ್, ಮನೆಯಲ್ಲಿ ಪಿಯಾನೋ ಇಲ್ಲದ ಪಿಯಾನೋ ವಾದಕ ರೂಬೆನ್ ಗೊನ್ಸಾಲೆಸ್ ಇಂಥವರನ್ನು ಕಂಡು ನಮ್ಮ ಸಭೆಯಲ್ಲಿ ಹಲವರು ಕಣ್ಣೊರೆಸಿಕೊಂಡರು. ನಾನೂ ಅವರಲ್ಲಿ ಒಬ್ಬ.

ಚರ್ಚೆ ಆರಂಭವಾದ ಮೇಲೆ ತೊಂದರೆ ಗೊತ್ತಾಯಿತು. ಹವಾನಾ ಎಂದರೆ ಕಾಲ ನಿಂತುಹೋದ ಊರು, ಅಲ್ಲಿನ ಸಂಗೀತವನ್ನು ಎಲ್ಲರೂ ಮರೆತಿದ್ದಾಗ ಹೊರಗಿನವರು ಬಂದು ಉಳಿಸಿದರು ಎಂಬ ಭಾವನೆಯನ್ನು ಎಲ್ಲರೂ ಹೊತ್ತುಕೊಂಡು ಹೊರಟಿದ್ದರು. ವಾಸ್ತವದಲ್ಲಿ 1990ರ ದಶಕದ ಹವಾನಾದ ಯುವಜನರು ತಿಂಬಾ ಎಂಬ ಹೊಸ, ಬಿರುಸಿನ ನೃತ್ಯಸಂಗೀತಕ್ಕೆ ಕುಣಿಯುತ್ತಿದ್ದರು. ಅದು ಚಿತ್ರದಲ್ಲಿ ಇಲ್ಲ. ಈ ಹಿರಿಯರನ್ನು ಹುಡುಕಿ ಒಂದೆಡೆ ಸೇರಿಸುವ ಕೆಲಸದಲ್ಲಿ ಮುಖ್ಯರಾಗಿದ್ದವರು ಹವಾನಾದವರೇ ಆದ ಹುವಾನ್ ದೆ ಮಾರ್ಕೋಸ್ ಗೊನ್ಸಾಲೆಸ್. ಚಿತ್ರದಲ್ಲಿ ಅವರಿಗೆ ಸಿಕ್ಕಿರುವ ಜಾಗ ಬಹಳ ಕಡಿಮೆ. ಹಾಗೆಂದು ಚಿತ್ರವನ್ನು ಬಿಡಬೇಕೆಂದು ನಾನು ಹೇಳುವುದಿಲ್ಲ. ಹೆಸರಿಗೆ ಕಾರಣವಾದ ಕ್ಲಬ್ಬು ಎಲ್ಲಿತ್ತೆಂದು ಕಂಪೈ ಸೆಗುಂದೋ ಕಾರಿನಲ್ಲಿ ಕುಳಿತು ಬೀದಿಯ ಜನರನ್ನು ವಿಚಾರಿಸುವ, ಒಬ್ಬೊಬ್ಬರೂ ಒಂದೊಂದು ಉತ್ತರ ಕೊಡುವ ದೃಶ್ಯವಿದೆ. ಊರಿನ ಸಂಗೀತದ ನೆನಪು ಹೇಗೆ ಜಾರಿಹೋಗುತ್ತದೆ ಎಂಬುದನ್ನು ಅಷ್ಟು ಸರಳವಾಗಿ ತೋರಿದ ದೃಶ್ಯವನ್ನು ನಾನು ಬೇರೆಲ್ಲೂ ಕಂಡಿಲ್ಲ. ಆದರೆ ಈ ಚಿತ್ರವನ್ನು ನಾಲ್ಕನೆಯದೋ ಐದನೆಯದೋ ಮಾಡಿಕೊಳ್ಳಿ. ಅಷ್ಟು ಹೊತ್ತಿಗೆ ನಿಮ್ಮ ಬಳಗದವರು ‘ಇಲ್ಲಿ ಯಾರು ಕಾಣುತ್ತಿಲ್ಲ?’ ಎಂದು ಕೇಳುವುದನ್ನು ತಾವಾಗಿಯೇ ರೂಢಿಸಿಕೊಂಡಿರುತ್ತಾರೆ.

ಆರಂಭಕ್ಕೆ ನಾನು ಸೂಚಿಸುವುದು ಪೆರಿ ಹೆನ್ಜೆಲ್ ಅವರ ‘ದಿ ಹಾರ್ಡರ್ ದೇ ಕಮ್’ (1972). ಜಮೈಕಾದಲ್ಲಿ ಅಲ್ಲಿಯವರೇ ಮಾಡಿದ ಮೊದಲ ಪೂರ್ಣಪ್ರಮಾಣದ ಕಥಾಚಿತ್ರವೆಂದು ಅದನ್ನು ಗುರುತಿಸುತ್ತಾರೆ. ಜಿಮ್ಮಿ ಕ್ಲಿಫ್ ನಟಿಸಿದ ಐವನ್ ಎಂಬ ಯುವಕ ಹಳ್ಳಿಯಿಂದ ಬಸ್ಸಿನಲ್ಲಿ ಕಿಂಗ್‌ಸ್ಟನ್ ನಗರಕ್ಕೆ ಬಂದಿಳಿಯುತ್ತಾನೆ, ಕೆಲಸವಿಲ್ಲದೆ ಅಲೆಯುತ್ತಾನೆ, ಕೊನೆಗೊಂದು ಹಾಡನ್ನು ಧ್ವನಿಮುದ್ರಿಸುತ್ತಾನೆ. ಅದಕ್ಕೆ ನಿರ್ಮಾಪಕ ಕೊಡಲು ಒಪ್ಪುವುದು 20 ಡಾಲರ್ ಮಾತ್ರ. ಹಾಡಿನ ಹಕ್ಕೂ ಆತನಿಗೇ ಸೇರಬೇಕು. ಐವನ್ ಒಪ್ಪದೆ ತಾನೇ ಹಾಡಿನ ತಟ್ಟೆಯನ್ನು (ರೆಕಾರ್ಡನ್ನು) ಹಿಡಿದು ಮಾರಲು ಹೊರಟಾಗ ಒಂದು ಬಾಗಿಲೂ ತೆರೆಯುವುದಿಲ್ಲ, ಏಕೆಂದರೆ ರೇಡಿಯೋದಲ್ಲಿ ಏನು ಕೇಳಿಸಬೇಕು, ನೃತ್ಯಕೂಟದಲ್ಲಿ ಯಾವ ತಟ್ಟೆ ತಿರುಗಬೇಕು ಎಂಬುದೆಲ್ಲವೂ ಅದೇ ನಿರ್ಮಾಪಕನ ಕೈಯಲ್ಲಿದೆ. ಸೋತು ಹಿಂತಿರುಗಿ ಸಹಿ ಹಾಕುತ್ತಾನೆ. ಮುಂದೆ ಪೊಲೀಸರು ಬೆನ್ನಟ್ಟುವ ಅಪರಾಧಿಯಾದ ಮೇಲೆಯೇ ಆ ಹಾಡು ಊರಿಗೆ ಊರೇ ಗುನುಗುವ ಹಾಡಾಗುತ್ತದೆ. ಸಂಗೀತದ ವ್ಯವಹಾರ ಹೇಗೆ ನಡೆಯುತ್ತದೆಂದು ನಾವು ಉಪನ್ಯಾಸ ಮಾಡಿ ವಿವರಿಸಬೇಕಾದುದನ್ನು ಈ ಚಿತ್ರ ಹತ್ತು ನಿಮಿಷಗಳಲ್ಲಿ ತೋರಿಸಿಬಿಡುತ್ತದೆ. ಮುಂದಿನ ಐದೂ ಚಿತ್ರಗಳನ್ನು ನೋಡುವಾಗ ಆ 20 ಡಾಲರ್ ಪ್ರೇಕ್ಷಕರ ನೆನಪಿನಲ್ಲಿರುತ್ತದೆ.

ಧ್ವನಿಮುದ್ರಣದ ಕೆಲಸದಲ್ಲಿರುವವರು

ಮೇಲಿನವರ ಮಾತಿಗೆ ಸೇರಿಸುವುದಾದರೆ, ಡೆಟ್ರಾಯ್ಟ್ ನಗರವನ್ನು ಬಿಡಬೇಡಿ. ಪಾಲ್ ಜಸ್ಟ್‌ಮನ್ ಅವರ ‘ಸ್ಟ್ಯಾಂಡಿಂಗ್ ಇನ್ ದಿ ಶ್ಯಾಡೋಸ್ ಆಫ್ ಮೋಟೌನ್’ (2002) ಸಾಕ್ಷ್ಯಚಿತ್ರ ಗಾಯಕರನ್ನು ಕುರಿತದ್ದಲ್ಲ. ಅವರ ಹಿಂದೆ ಕುಳಿತು ನುಡಿಸುತ್ತಿದ್ದ, ‘ಫಂಕ್ ಬ್ರದರ್ಸ್’ ಎಂದು ಕರೆಸಿಕೊಂಡ ವಾದಕರನ್ನು ಕುರಿತದ್ದು. ಬೆರಿ ಗೋರ್ಡಿ 1959ರಲ್ಲಿ ಆರಂಭಿಸಿದ ಮೋಟೌನ್ ರೆಕಾರ್ಡ್ ಕಂಪನಿಯ ಸ್ಟುಡಿಯೋ ಒಂದು ಸಾಮಾನ್ಯ ಮನೆಯಲ್ಲಿತ್ತು. ಅದಕ್ಕೂ ಮೊದಲು ಅದು ಛಾಯಾಚಿತ್ರದ ಸ್ಟುಡಿಯೋ ಆಗಿತ್ತು. ಚಾವಣಿಯಿಂದ ತಂತಿಗಳು ಜೋತಾಡುತ್ತಿದ್ದುದರಿಂದ ಆ ಕೋಣೆಯನ್ನು ವಾದಕರು ಹಾವಿನ ಗುಂಡಿ ಎಂಬರ್ಥದ ಹೆಸರಿನಿಂದ ಕರೆಯುತ್ತಿದ್ದರು. ಪ್ರತಿಧ್ವನಿ ಬೇಕಾದಾಗ ಅದೇ ಮನೆಯ ಅಟ್ಟವನ್ನು ಬಳಸಿಕೊಂಡರು. ಗೋರ್ಡಿ ಅವರು ಮೊದಲು ಕಾರು ಕಾರ್ಖಾನೆಯ ಜೋಡಣೆಯ ಸಾಲಿನಲ್ಲಿ ದುಡಿದವರು. ಹಾಡು ಬರೆಯುವವರು, ನುಡಿಸುವವರು, ತಿದ್ದುವವರು ಎಂದು ಕೆಲಸವನ್ನು ಹಂತಹಂತವಾಗಿ ಹಂಚಿದ ಕ್ರಮಕ್ಕೆ ಆ ದುಡಿಮೆಯೇ ಮಾದರಿಯಾಯಿತು. ಹಗಲು ಇಲ್ಲಿ ನುಡಿಸಿದವರು ರಾತ್ರಿ ಅದೇ ಊರಿನ ಕ್ಲಬ್ಬುಗಳಲ್ಲಿ ಜಾಝ್ ನುಡಿಸುತ್ತಿದ್ದರು. ಊರೂ ಹಾಡೂ ಬೇರೆಯಾಗದಂತೆ ಬೆಸೆದುಕೊಂಡಿದ್ದುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ತೋಚುವುದಿಲ್ಲ.

ಇಷ್ಟೆಲ್ಲ ನುಡಿಸಿದರೂ ಬಹುಕಾಲ ಅವರ ಹೆಸರುಗಳು ತಟ್ಟೆಯ ಹೊದಿಕೆಯ ಮೇಲೆ ಅಚ್ಚಾಗಲಿಲ್ಲ. ಕಂಪನಿ 1972ರಲ್ಲಿ ಲಾಸ್ ಏಂಜಲೀಸ್‌ಗೆ ಹೊರಟಾಗ ಕೆಲಸ ಮುಗಿಯಿತೆಂಬುದು ಅವರಿಗೆ ತಿಳಿದದ್ದು ಬಾಗಿಲ ಮೇಲಿನ ಒಂದು ಚೀಟಿಯಿಂದ ಎಂದು ಅವರೇ ಚಿತ್ರದಲ್ಲಿ ಹೇಳುತ್ತಾರೆ. ನಮ್ಮ ವೃತ್ತಿಯವನಾದ ನನಗೆ ಆ ಭಾಗವನ್ನು ನೋಡುವುದು ಇಂದಿಗೂ ಸುಲಭವಲ್ಲ. ಒಂದೇ ಒಂದು ಕೊರತೆಯೆಂದರೆ, ಬೇರೆ ಗಾಯಕರನ್ನು ಕರೆಸಿ ಹಳೆಯ ಹಾಡುಗಳನ್ನು ಹೊಸದಾಗಿ ಹಾಡಿಸಿದ ಭಾಗಗಳು ಅಗತ್ಯಕ್ಕಿಂತ ಉದ್ದವಾಗಿವೆ.

ಇನ್ನು ಪ್ರದರ್ಶನದ ಧ್ವನಿಯ ವಿಷಯ. ನಾನು ಹೋಗಿದ್ದ ಒಂದು ಕೂಟದಲ್ಲಿ ಇದೇ ಚಿತ್ರವನ್ನು ಪ್ರೊಜೆಕ್ಟರಿನೊಳಗಿನ ಪುಟ್ಟ ಸ್ಪೀಕರಿನಲ್ಲೇ ಕೇಳಿಸಿದರು. ಜೇಮ್ಸ್ ಜೇಮರ್ಸನ್ ಅವರ ಬೇಸ್ ಗಿಟಾರಿನ ಬಗ್ಗೆ ತೆರೆಯ ಮೇಲೆ ಎಲ್ಲರೂ ಮೆಚ್ಚಿ ಮಾತನಾಡುತ್ತಿದ್ದರು, ಆದರೆ ಸಭೆಯಲ್ಲಿದ್ದ ಯಾರಿಗೂ ಅದು ಕೇಳಿಸುತ್ತಲೇ ಇರಲಿಲ್ಲ. ಬೇಸ್ ಗಿಟಾರಿನ ಅತ್ಯಂತ ತಗ್ಗಿನ ತಂತಿ ಸೆಕೆಂಡಿಗೆ ಸುಮಾರು 41 ಸಲ ಕಂಪಿಸುತ್ತದೆ. ಅಂಗೈಯಗಲದ ಸ್ಪೀಕರು ಆ ಸ್ವರವನ್ನು ಹೊರಡಿಸಲಾರದು. ಕಿಂಗ್‌ಸ್ಟನ್ ಚಿತ್ರಕ್ಕೂ ಇದೇ ಮಾತು ಅನ್ವಯಿಸುತ್ತದೆ, ಏಕೆಂದರೆ ಜಮೈಕಾದ ರೆಗೇ ಸಂಗೀತ ನಿಂತಿರುವುದೇ ಬೇಸ್ ಮತ್ತು ಡ್ರಮ್ಮಿನ ಮೇಲೆ. ತೆರೆ ಸ್ವಲ್ಪ ಚಿಕ್ಕದಾದರೂ ನಡೆದೀತು, ಆದರೆ ತಗ್ಗಿನ ಸ್ವರಗಳನ್ನು ಹೊರಡಿಸುವ ಒಂದು ದೊಡ್ಡ ಸ್ಪೀಕರನ್ನು ಎಲ್ಲಿಂದಾದರೂ ಎರವಲು ತನ್ನಿ. ಚಿತ್ರದ ಮೊದಲ ಹತ್ತು ನಿಮಿಷಗಳನ್ನು ಹಿಂದಿನ ದಿನವೇ ಕೋಣೆಯ ಕೊನೆಯ ಸಾಲಿನಲ್ಲಿ ಕುಳಿತು ಕೇಳಿ ನೋಡಿ.

ಅಡಿಬರಹಗಳನ್ನು ಬರೆಯುವವರು

ಸಂಗೀತದ ಚಿತ್ರಗಳಲ್ಲಿ ಮಾತಿಗೆ ಅಡಿಬರಹವಿದ್ದು ಹಾಡಿಗೆ ಇಲ್ಲದಿರುವುದು ಬಹಳ ಸಾಮಾನ್ಯ. ಹಾಡೇ ವಿಷಯವಾಗಿರುವ ಚಿತ್ರದಲ್ಲಿ ಇದು ದೊಡ್ಡ ನಷ್ಟ. ನಾನು ಅನುಸರಿಸಿದ ದಾರಿಯೆಂದರೆ, ಚಿತ್ರದ ಮೂರು ನಾಲ್ಕು ಮುಖ್ಯ ಹಾಡುಗಳ ಭಾವವನ್ನು ಒಂದು ಹಾಳೆಯಲ್ಲಿ ಬರೆದು ಪ್ರದರ್ಶನಕ್ಕೆ ಮುಂಚೆ ಎಲ್ಲರಿಗೂ ಕೊಡುವುದು. ಸಾಲುಸಾಲಿನ ಅನುವಾದ ಬೇಕಿಲ್ಲ. ಯಾರು ಯಾರಿಗೆ ಹಾಡುತ್ತಿದ್ದಾರೆ, ಯಾವ ಭಾಷೆಯಲ್ಲಿ, ಏಕೆ ಎಂಬಷ್ಟು ಸಾಕು.

ಅದರ ಬೆಲೆ ನನಗೆ ಗೊತ್ತಾದದ್ದು ಫತಿಹ್ ಅಕಿನ್ ಅವರ ‘ಕ್ರಾಸಿಂಗ್ ದಿ ಬ್ರಿಡ್ಜ್: ದಿ ಸೌಂಡ್ ಆಫ್ ಇಸ್ತಾಂಬುಲ್’ (2005) ತೋರಿಸಿದಾಗ. ಜರ್ಮನಿಯ ಸಂಗೀತಗಾರ ಅಲೆಕ್ಸಾಂಡರ್ ಹಾಕೆ ಧ್ವನಿಮುದ್ರಣದ ಸಲಕರಣೆಯೊಂದಿಗೆ ಇಸ್ತಾಂಬುಲ್‌ನ ಬೆಯೋಗ್ಲು ಪ್ರದೇಶದ ಹಳೆಯ ಹೋಟೆಲೊಂದರಲ್ಲಿ ತಂಗಿ, ಬೀದಿಬೀದಿ ಸುತ್ತಿ ಕೇಳಿದ್ದನ್ನೆಲ್ಲ ಸಂಗ್ರಹಿಸುತ್ತಾರೆ. ರಾಕ್ ತಂಡಗಳು, ಜೆಜಾ ಎಂಬ ರ‍್ಯಾಪ್ ಗಾಯಕ, ರೋಮಾ ಸಮುದಾಯದ ಕ್ಲಾರಿನೆಟ್ ವಾದಕ ಸೆಲಿಮ್ ಸೆಸ್ಲರ್, ಎಂಬತ್ತು ದಾಟಿದ ಶಾಸ್ತ್ರೀಯ ಗಾಯಕಿ ಮುಝೆಯೆನ್ ಸೆನಾರ್, ಹಳ್ಳಿಗಳಿಂದ ವಲಸೆ ಬಂದವರ ದುಃಖವನ್ನು ನಗರದ ಹಾಡಾಗಿಸಿದ ಅರಬೆಸ್ಕ್ ಶೈಲಿಯ ಓರ್ಹಾನ್ ಗೆಂಜೆಬಾಯ್, ಇವರೆಲ್ಲರೂ ಒಂದೇ ಚಿತ್ರದಲ್ಲಿ ಬರುತ್ತಾರೆ. ಅವರ ನಡುವೆ ಐನೂರ್ ಎಂಬ ಗಾಯಕಿ ಹಳೆಯ ಹಮಾಮಿನೊಳಗೆ, ಎಂದರೆ ಸಾರ್ವಜನಿಕ ಸ್ನಾನಗೃಹದೊಳಗೆ, ನಿಂತು ಒಂದು ಶೋಕಗೀತೆಯನ್ನು ಹಾಡುತ್ತಾರೆ. ಮೊದಲ ಸಲ ತೋರಿಸಿದಾಗ ನಮ್ಮವರೆಲ್ಲರೂ ‘ಎಂಥ ಕಂಠ’ ಎಂದು ಮೆಚ್ಚಿ ಸುಮ್ಮನಾದರು. ಎರಡನೆಯ ಸಲ, ಬೇರೊಂದು ಬಳಗಕ್ಕೆ, ಆ ಹಾಡಿನ ಭಾಷೆ ಕುರ್ದಿಷ್ ಎಂದೂ 1983ರ ಕಾನೂನಿನಿಂದ ಆ ಭಾಷೆಯಲ್ಲಿ ಪ್ರಕಟಿಸುವುದು ಟರ್ಕಿಯಲ್ಲಿ ಅಪರಾಧವಾಗಿದ್ದು 1991ರಲ್ಲಿ ಅದನ್ನು ಹಿಂತೆಗೆದುಕೊಂಡರೆಂದೂ ಮೊದಲೇ ಹಾಳೆಯಲ್ಲಿ ಬರೆದುಕೊಟ್ಟಿದ್ದೆ. ಆ ಸಲ ಹಾಡು ಮುಗಿದಾಗ ಕೋಣೆಯಲ್ಲಿ ಯಾರೂ ಅಲುಗಾಡಲಿಲ್ಲ. ಹಾಡು ಅದೇ, ಕಂಠವೂ ಅದೇ.

ಕಿಂಗ್‌ಸ್ಟನ್ ಚಿತ್ರದ ಬಗ್ಗೆ ಒಂದು ಎಚ್ಚರಿಕೆ. ಅದರ ಸಂಭಾಷಣೆ ಜಮೈಕಾದ ಆಡುನುಡಿಯಲ್ಲಿದೆ. ಅಮೆರಿಕದಲ್ಲಿಯೂ ಅದನ್ನು ಅಡಿಬರಹದೊಂದಿಗೆ ತೋರಿಸಬೇಕಾಯಿತು. ಇಂಗ್ಲಿಷ್ ಚೆನ್ನಾಗಿ ಬಲ್ಲವರೂ ಅಡಿಬರಹವಿಲ್ಲದೆ ಅರ್ಧದಷ್ಟು ಮಾತನ್ನು ಕಳೆದುಕೊಳ್ಳುತ್ತಾರೆ. ಪ್ರತಿಯನ್ನು ತರಿಸುವ ಮುನ್ನ ಇದನ್ನು ಖಚಿತಪಡಿಸಿಕೊಳ್ಳಿ. ಮನೆಯಲ್ಲಿ ನೋಡಲು ಕೊಂಡ ಪ್ರತಿಯಿಂದ ಸಾರ್ವಜನಿಕ ಪ್ರದರ್ಶನದ ಹಕ್ಕು ದೊರೆಯುವುದಿಲ್ಲ ಎಂಬುದನ್ನೂ ನೆನಪಿಡಬೇಕು. ಅನುಮತಿಗೆ ಒಂದೆರಡು ತಿಂಗಳು ಮೊದಲೇ ಬರೆಯುವುದು ಕ್ಷೇಮ.

ಇತಿಹಾಸವನ್ನು ಕಲಿಸುವವರು

ಒಂದು ಸಂಜೆಯನ್ನು ಮ್ಯಾಂಚೆಸ್ಟರಿಗೆ ಮೀಸಲಿಡಿ ಎಂದು ನನ್ನ ಆಗ್ರಹ, ಏಕೆಂದರೆ ಒಂದು ಊರು ತನ್ನ ಸಂಗೀತದ ಕಥೆಯನ್ನು ತಾನೇ ಹೇಗೆ ಕಟ್ಟಿಕೊಳ್ಳುತ್ತದೆ ಎಂಬುದನ್ನು ಅಲ್ಲಿ ಕಣ್ಣಾರೆ ಕಾಣಬಹುದು. ಮೈಕೆಲ್ ವಿಂಟರ್‌ಬಾಟಮ್ ಅವರ ‘24 ಅವರ್ ಪಾರ್ಟಿ ಪೀಪಲ್’ (2002) ಆರಂಭದಲ್ಲೇ 1976ರ ಜೂನ್ 4ರ ಒಂದು ಸಂಗೀತ ಕಛೇರಿಯನ್ನು ತೋರಿಸುತ್ತದೆ. ಲಂಡನ್ನಿನ ಪಂಕ್ ತಂಡವೊಂದು ಊರಿನ ಚಿಕ್ಕ ಸಭಾಂಗಣದಲ್ಲಿ ನುಡಿಸಿದಾಗ ಅಲ್ಲಿದ್ದವರು ಬೆರಳೆಣಿಕೆಯಷ್ಟು ಮಂದಿ; ಚಿತ್ರ ಹೇಳುವ ಸಂಖ್ಯೆ 42. ಆ ಸಂಜೆ ಅಲ್ಲಿದ್ದ ಕೆಲವರೇ ಮುಂದೆ ಆ ನಗರದ ದೊಡ್ಡ ತಂಡಗಳನ್ನು ಕಟ್ಟಿದರು. ಕಾಲ ಕಳೆದಂತೆ ತಾವೂ ಅಲ್ಲಿದ್ದೆವೆಂದು ಹೇಳುವವರ ಸಂಖ್ಯೆ ಆ ಸಭಾಂಗಣದಲ್ಲಿ ಹಿಡಿಯಲಾಗದಷ್ಟು ಬೆಳೆಯಿತು.

ಚಿತ್ರದ ಹೆಚ್ಚುಗಾರಿಕೆ ಇರುವುದು ಈ ದಂತಕಥೆಯನ್ನು ಅದು ಮುಚ್ಚಿಡದಿರುವುದರಲ್ಲಿ. ಆ ತಂಡಗಳಲ್ಲಿ ಕೆಲವನ್ನು ಬೆಳಕಿಗೆ ತಂದ ರೆಕಾರ್ಡ್ ಕಂಪನಿಯ ಸ್ಥಾಪಕರಲ್ಲೊಬ್ಬರಾದ ಟೋನಿ ವಿಲ್ಸನ್ ಅವರ ಪಾತ್ರವನ್ನು ಮಾಡಿದ ಸ್ಟೀವ್ ಕೂಗನ್ ನಡುನಡುವೆ ಕ್ಯಾಮೆರಾದ ಕಡೆ ತಿರುಗಿ ನಮ್ಮೊಡನೆ ಮಾತನಾಡುತ್ತಾರೆ. ಒಂದು ದೃಶ್ಯದಲ್ಲಿ, ಆ ಕಥೆಗೆ ಸಂಬಂಧಪಟ್ಟ ನಿಜವಾದ ವ್ಯಕ್ತಿಯೇ ಸ್ವಚ್ಛತಾ ಕೆಲಸಗಾರನಾಗಿ ಕಾಣಿಸಿಕೊಂಡು, ಹೀಗೆ ನಡೆದದ್ದು ತನಗೆ ನೆನಪಿಲ್ಲವೆಂದು ಹೇಳಿಬಿಡುತ್ತಾನೆ. ನಾನು ಚಿತ್ರವನ್ನು ಅಲ್ಲಿಯೇ ನಿಲ್ಲಿಸಿ ವಿದ್ಯಾರ್ಥಿಗಳನ್ನು ಕೇಳಿದ್ದೆ: ಹಾಗಾದರೆ ಈ ದೃಶ್ಯವನ್ನು ಚಿತ್ರದಲ್ಲಿ ಏಕೆ ಉಳಿಸಿಕೊಂಡರು? ಆ ಒಂದು ಪ್ರಶ್ನೆಯ ಮೇಲೆ ಒಂದು ಗಂಟೆಗೂ ಮಿಕ್ಕಿ ಚರ್ಚೆ ನಡೆಯಿತು. 1982ರಲ್ಲಿ ತೆರೆದು 1997ರಲ್ಲಿ ಮುಚ್ಚಿದ ‘ಹಸಿಯೆಂಡಾ’ ಎಂಬ ನೃತ್ಯಕ್ಲಬ್ಬನ್ನು ಈ ಚಿತ್ರಕ್ಕಾಗಿ ಮತ್ತೊಮ್ಮೆ ಸೆಟ್ ಆಗಿ ಕಟ್ಟಿದರು. ಮೂಲ ಕಟ್ಟಡವಿದ್ದ ಜಾಗದಲ್ಲಿ ಈಗ ಅದೇ ಹೆಸರಿನ ವಸತಿ ಸಮುಚ್ಚಯವಿದೆ. ಸಂಗೀತದಿಂದ ಹೆಸರು ಪಡೆದ ನೆಲ ಕಡೆಗೆ ಮನೆಗಳ ಮಾರಾಟಕ್ಕೆ ಒದಗಿದ ಈ ಬಗೆಯನ್ನೂ ಚರ್ಚೆಗೆ ತನ್ನಿ.

ಸಮಯವಿದ್ದರೆ ಆಂಟನ್ ಕೊರ್ಬೈನ್ ಅವರ ‘ಕಂಟ್ರೋಲ್’ (2007) ಚಿತ್ರವನ್ನು ಜೊತೆಗಿಟ್ಟು ನೋಡಬಹುದು. ಅದೇ ಕಾಲ, ಅದೇ ಮಂದಿ, ಆದರೆ ಕಪ್ಪುಬಿಳುಪು ಮತ್ತು ಪೂರ್ಣ ಗಾಂಭೀರ್ಯ. ಗಾಯಕ ಇಯಾನ್ ಕರ್ಟಿಸ್ ಅವರ ಪತ್ನಿ ಬರೆದ ನೆನಪುಗಳನ್ನು ಆಧರಿಸಿದ್ದರಿಂದ ಅದರಲ್ಲಿ ನಗರಕ್ಕಿಂತ ಮನೆಯೊಳಗಿನ ಸಂಕಟವೇ ಹೆಚ್ಚು ಕಾಣುತ್ತದೆ. ಅದು ಆತ್ಮಹತ್ಯೆಯಲ್ಲಿ ಕೊನೆಗೊಳ್ಳುವ ಕಥೆ ಎಂಬುದನ್ನು ಬಳಗದವರಿಗೆ ಮುಂಚೆಯೇ ಹೇಳಿಬಿಡಿ. ನಾನು ಹೇಳದೆ ಒಮ್ಮೆ ತೋರಿಸಿದ್ದೆ, ಹಾಗೆ ಮಾಡಬಾರದಿತ್ತೆಂದು ಈಗಲೂ ಅನಿಸುತ್ತದೆ.

ಇನ್ನೊಬ್ಬರು

ಟೆಹ್ರಾನ್ ನಗರದ ಚಿತ್ರವನ್ನು ಯಾರೂ ಹೇಳಲಿಲ್ಲವಾದ್ದರಿಂದ ಚಿಕ್ಕದಾಗಿ ಬರೆಯುತ್ತೇನೆ. ಬಹ್ಮನ್ ಘೊಬಾದಿ ಅವರ ‘ನೋ ಒನ್ ನೋಸ್ ಅಬೌಟ್ ಪರ್ಷಿಯನ್ ಕ್ಯಾಟ್ಸ್’ (2009) ಚಿತ್ರದ ಚಿತ್ರೀಕರಣ ಸರ್ಕಾರದ ಅನುಮತಿಯಿಲ್ಲದೆ 17 ದಿನಗಳಲ್ಲಿ ಮುಗಿಯಿತು. ಕಛೇರಿಗೂ ಆಲ್ಬಂಗೂ ಸಚಿವಾಲಯದ ಪರವಾನಗಿ ಬೇಕಾದ ಊರಿನಲ್ಲಿ ತಂಡಗಳು ನೆಲಮಾಳಿಗೆಯಲ್ಲಿ, ಮಹಡಿಯ ಮೇಲೆ, ಕಟ್ಟುತ್ತಿರುವ ಕಟ್ಟಡದಲ್ಲಿ ನುಡಿಸುತ್ತವೆ. ಒಂದು ತಂಡವಂತೂ ದನದ ಕೊಟ್ಟಿಗೆಯಲ್ಲಿ ಅಭ್ಯಾಸ ಮಾಡುತ್ತದೆ. ನಟಿಸಿದವರಲ್ಲಿ ಹೆಚ್ಚಿನವರು ಅಲ್ಲಿನ ನಿಜವಾದ ಸಂಗೀತಗಾರರೇ. ಕಥೆಯ ಎಳೆ ತೆಳುವಾಗಿದೆ, ಆದರೆ ಒಂದು ನಗರ ತನ್ನ ಹಾಡನ್ನು ಎಲ್ಲೆಲ್ಲಿ ಬಚ್ಚಿಟ್ಟುಕೊಳ್ಳುತ್ತದೆ ಎಂಬುದರ ನಕ್ಷೆಯಂತೆ ಅದನ್ನು ನೋಡಬಹುದು. ಡೆಟ್ರಾಯ್ಟ್‌ನ ಆ ಮನೆಯ ಸ್ಟುಡಿಯೋ ಕಂಡ ಮರು ತಿಂಗಳೇ ಈ ಕೊಟ್ಟಿಗೆಯನ್ನು ತೋರಿಸಿ.

ಮುಂಬಯಿ ಚಿತ್ರದ ಬಗ್ಗೆ

ನಮ್ಮ ದೇಶದ ಚಿತ್ರವೊಂದು ಪಟ್ಟಿಯಲ್ಲಿ ಇರಲೇಬೇಕು ಎಂಬುದು ನನ್ನ ಅಭಿಪ್ರಾಯ, ಮತ್ತು ಅದು ಜೋಯಾ ಅಖ್ತರ್ ಅವರ ‘ಗಲ್ಲಿ ಬಾಯ್’ (2019) ಆಗಬಹುದು. ಮುಂಬಯಿಯ ರ‍್ಯಾಪ್ ಗಾಯಕರಾದ ಡಿವೈನ್ ಮತ್ತು ನೇಜಿ ಅವರ ಬದುಕು ಅದಕ್ಕೆ ಪ್ರೇರಣೆ. ಕೊನೆಯ ಸ್ಪರ್ಧೆಯ ಗೆಲುವಿನ ದೃಶ್ಯ ನೀವು ಬೇಸರಪಟ್ಟ ಅದೇ ಹಳೆಯ ಜಾಡಿನದು ಎಂಬುದನ್ನು ಒಪ್ಪುತ್ತೇನೆ. ಆದರೆ ನಾಯಕ ತಂದೆಯ ಬದಲಿಗೆ ಕಾರು ಓಡಿಸಲು ಹೋಗಿ, ಹಿಂದಿನ ಸೀಟಿನಲ್ಲಿ ಅಳುತ್ತಿರುವ ಶ್ರೀಮಂತರ ಮಗಳಿಗೆ ಒಂದು ಸಮಾಧಾನದ ಮಾತನ್ನೂ ಹೇಳಲಾಗದೆ ಕುಳಿತಿರುವ ದೃಶ್ಯದಿಂದಲೇ ಅವನ ಸಾಲುಗಳು ಹುಟ್ಟುತ್ತವೆ. ಒಂದು ಕಾರಿನೊಳಗಿನ ಎರಡು ಸೀಟುಗಳ ನಡುವಿನ ಆ ದೂರವೇ ಮುಂಬಯಿ. ವಿದೇಶಿ ಪ್ರವಾಸಿಗರು ಅವನ ಮನೆಯನ್ನು ನೋಡಲು ಬರುವ ದೃಶ್ಯವನ್ನೂ ಗಮನಿಸಿ.

ಚರ್ಚೆಗೆ ಒಂದು ಅಂಶವನ್ನು ಸೂಚಿಸುತ್ತೇನೆ. ಡಿವೈನ್ ಬೆಳೆದದ್ದು ಅಂಧೇರಿಯಲ್ಲಿ, ನೇಜಿ ಕುರ್ಲಾದಲ್ಲಿ. ಚಿತ್ರದ ನಾಯಕನ ಮನೆ ಮಾತ್ರ ಧಾರಾವಿಯಲ್ಲಿದೆ. ಜಗತ್ತಿಗೆ ಈಗಾಗಲೇ ಪರಿಚಿತವಾದ ಹೆಸರಿನ ಕಡೆಗೆ ಕಥೆಗಳು ವಾಲುತ್ತವೆ. ಇದರಿಂದ ಚಿತ್ರಕ್ಕೆ ಲಾಭವಾಗಿರಬಹುದು, ಆದರೆ ಒಂದೊಂದು ಬಡಾವಣೆಗೂ ತನ್ನದೇ ಮಾತಿನ ಧಾಟಿಯಿದೆಯೆಂದು ಹೆಮ್ಮೆಪಡುವ ಸಂಗೀತಕ್ಕೆ ಅದರಿಂದ ಆದ ನಷ್ಟ ಸಣ್ಣದಲ್ಲ ಎಂದೇ ನಾನು ನಂಬುತ್ತೇನೆ.

ಕೇಳಿದವರ ಮರುಮಾತು

ಇಷ್ಟು ವಿವರವಾಗಿ ಬರೆದ ಎಲ್ಲರಿಗೂ ಕೃತಜ್ಞತೆಗಳು. ಕಿಂಗ್‌ಸ್ಟನ್, ಡೆಟ್ರಾಯ್ಟ್, ಟೆಹ್ರಾನ್, ಇಸ್ತಾಂಬುಲ್, ಹವಾನಾ ಎಂಬ ಕ್ರಮವನ್ನು ಇಟ್ಟುಕೊಂಡಿದ್ದೇನೆ. ಮುಂಬಯಿ ಚಿತ್ರವನ್ನು ನಮ್ಮಲ್ಲಿ ಹೆಚ್ಚಿನವರು ನೋಡಿರುವುದರಿಂದ ಅದರ ಎರಡು ದೃಶ್ಯಗಳನ್ನಷ್ಟೇ ಮೊದಲ ದಿನ, ಕಿಂಗ್‌ಸ್ಟನ್ ಚಿತ್ರಕ್ಕೆ ಮುನ್ನ, ತೋರಿಸಿದರೆ ಹೇಗೆ ಎಂಬ ಯೋಚನೆಯಿದೆ. ಆರನೆಯ ಸಂಜೆಗೆ ಮ್ಯಾಂಚೆಸ್ಟರೋ, ಗೆಳೆಯರು ಸೂಚಿಸುತ್ತಿರುವ ಸಿಯಾಟಲ್ ಕುರಿತ ‘ಹೈಪ್!’ ಸಾಕ್ಷ್ಯಚಿತ್ರವೋ ಎಂಬುದನ್ನು ತೀರ್ಮಾನಿಸಲು ಆಗುತ್ತಿಲ್ಲ.

ಸರಣಿಯನ್ನು ನಡೆಸಿದ್ದವರು ಮತ್ತೊಮ್ಮೆ

ಎರಡು ದೃಶ್ಯಗಳ ಯೋಚನೆ ಚೆನ್ನಾಗಿದೆ. ಕಾರಿನ ದೃಶ್ಯವನ್ನು ಮಾತ್ರ ಖಂಡಿತ ಬಿಡಬೇಡಿ.

ಡಗ್ ಪ್ರೇ ಅವರ ‘ಹೈಪ್!’ (1996) ಚಿತ್ರವನ್ನು ನಾನು ತೋರಿಸಿದ್ದೇನೆ. ಗ್ರಂಜ್ ಎಂದು ಹೆಸರಾದ ಸಂಗೀತ ಹುಟ್ಟಿದ ಊರಿನ ಮೇಲೆ ಹೊರಗಿನ ಪತ್ರಿಕೆಗಳೂ ಕಂಪನಿಗಳೂ ಮುಗಿಬಿದ್ದದ್ದು ಅದರ ವಿಷಯ. 1992ರಲ್ಲಿ ಒಂದು ದೊಡ್ಡ ಪತ್ರಿಕೆ ಅಲ್ಲಿನ ಯುವಜನರ ವಿಶೇಷ ಪದಗಳು ಯಾವುವೆಂದು ಕೇಳಿದಾಗ, ರೆಕಾರ್ಡ್ ಕಂಪನಿಯಲ್ಲಿ ಕೆಲಸ ಮಾಡುತ್ತಿದ್ದ ಮೇಗನ್ ಜಾಸ್ಪರ್ ಆ ಕ್ಷಣದಲ್ಲಿ ಮನಸ್ಸಿಗೆ ಬಂದ ಪದಗಳನ್ನು ಕಟ್ಟಿ ಹೇಳಿದರು, ಪತ್ರಿಕೆ ಅವನ್ನು ಪದಕೋಶವೆಂದೇ ಅಚ್ಚುಮಾಡಿತು. ಅದನ್ನು ಅವರೇ ಈ ಚಿತ್ರದಲ್ಲಿ ವಿವರಿಸುತ್ತಾರೆ. ತನ್ನ ಬಗ್ಗೆ ಹೊರಗಿನವರು ಹೇಳುವ ಕಥೆಯಿಂದ ಊರು ತನ್ನನ್ನು ಕಾಪಾಡಿಕೊಳ್ಳಲು ಮಾಡಿದ ಪ್ರಯತ್ನವಾಗಿ ನನಗೆ ಅದು ಕಂಡಿತು. ಮ್ಯಾಂಚೆಸ್ಟರ್ ಚಿತ್ರದಲ್ಲಿ ಊರಿನವರೇ ತಮ್ಮ ದಂತಕಥೆಯನ್ನು ಹೆಣೆಯುತ್ತಾರೆ. ನಿಮ್ಮ ಐದನೆಯ ಸಂಜೆ ಹವಾನಾ ಆಗಿದ್ದು, ಹೊರಗಿನವರ ಕಣ್ಣಿನ ಪ್ರಶ್ನೆ ಅಲ್ಲಿ ಹೇಗೂ ಏಳುವುದರಿಂದ, ಅದರ ಬೆನ್ನಿಗೆ ಸಿಯಾಟಲ್ ಬಂದರೆ ಮಾತು ಮುಂದುವರಿಯುತ್ತದೆ. ಮ್ಯಾಂಚೆಸ್ಟರ್ ತೋರಿಸಲೇಬೇಕೆಂದಿದ್ದರೆ ಟೆಹ್ರಾನ್ ಚಿತ್ರದ ಬದಲಿಗೆ ಬೇಡ; ಏಳನೆಯ ಸಂಜೆಯೊಂದನ್ನು ಕೇಳಿ ಪಡೆಯಿರಿ.